ಲಾಲೊ ಶಿಫ್ರಿನ್: ಜಾಝ್ ಪಿಯಾನೊದಿಂದ ಸಿನಿಮಾ ಸಂಗೀತದವರೆಗೆ, ಪದೇ ಪದೇ ಕೇಳುವ ಪ್ರಶ್ನೆಗಳು

ಮಿಷನ್ ಇಂಪಾಸಿಬಲ್ ಟ್ಯೂನ್ ಗೊತ್ತಿಲ್ಲದ ಮಕ್ಕಳು ನನ್ನ ಪಿಯಾನೊ ಕ್ಲಾಸಿಗೆ ಬಂದೇ ಇಲ್ಲ. ಅದನ್ನು ಮಾಡಿದವರ ಹೆಸರು ಗೊತ್ತಿರುವವರೂ ಬಂದಿಲ್ಲ. ಹಾಗಾಗಿ ವರ್ಷಕ್ಕೆ ನಾಲ್ಕೈದು ಸಲ ಲಾಲೊ ಶಿಫ್ರಿನ್ ಅವರ ಕಥೆ ಹೇಳುತ್ತೇನೆ. ಮಕ್ಕಳು, ಅವರ ಅಪ್ಪ ಅಮ್ಮ, ಮೃದಂಗ ನುಡಿಸುವ ಗೆಳೆಯರು, ಈಗಲೂ ಪತ್ರ ಬರೆಯುವ ಹಳೆಯ ವಿದ್ಯಾರ್ಥಿಗಳು, ಎಲ್ಲರೂ ಕೇಳುವುದು ಹೆಚ್ಚುಕಡಿಮೆ ಇವೇ ಪ್ರಶ್ನೆಗಳು. ಅವರವರ ಮಾತಿನಲ್ಲೇ ಇಟ್ಟಿದ್ದೇನೆ. ಸುಲಭದ್ದು ಮೊದಲು, ತಾಳದ ಲೆಕ್ಕ ಕೊನೆಗೆ.

## ಮೊದಲ ಪರಿಚಯ

ಮೇಡಂ, ಈ ಲಾಲೊ ಶಿಫ್ರಿನ್ ಅಂದ್ರೆ ಯಾರು?

ಅರ್ಜೆಂಟೀನಾದ ಪಿಯಾನೊ ವಾದಕ, ಸಂಗೀತ ಸಂಯೋಜಕ. 1932ರ ಜೂನ್ 21ರಂದು ಬ್ಯೂನಸ್ ಐರಿಸ್‌ನಲ್ಲಿ ಹುಟ್ಟಿದರು. 2025ರ ಜೂನ್ 26ರಂದು ಲಾಸ್ ಏಂಜಲೀಸ್‌ನಲ್ಲಿ ತೀರಿಕೊಂಡರು. 93 ತುಂಬಿ ಐದೇ ದಿನವಾಗಿತ್ತು. ಮನೆಯಲ್ಲಿ ಇಟ್ಟ ಹೆಸರು ಬೋರಿಸ್ ಕ್ಲಾಡಿಯೊ, ಕರೆಯುತ್ತಿದ್ದದ್ದು ಲಾಲೊ.

ಸಿನಿಮಾ, ಟಿವಿ ಎರಡೂ ಸೇರಿ 100ಕ್ಕೂ ಹೆಚ್ಚು ಕೃತಿಗಳಿಗೆ ಸಂಗೀತ ಕೊಟ್ಟಿದ್ದಾರೆ. ಆದರೆ ಅವರನ್ನು ಸುಮ್ನೆ 'ಸಿನಿಮಾ ಸಂಗೀತಗಾರ' ಅಂದರೆ ಅರ್ಧ ಮಾತು ಹೇಳಿದ ಹಾಗೆ. ಹಾಲಿವುಡ್‌ಗೆ ಹೋಗುವ ಮುಂಚೆಯೇ ಅವರು ಜಾಝ್ ಲೋಕದಲ್ಲಿ ಹೆಸರು ಮಾಡಿದ್ದರು. ಆ ಜಾಝ್ ಕೈ ಕೊನೆಯವರೆಗೂ ಬಿಡಲಿಲ್ಲ.

ಲ್ಯಾಟಿನ್ ಜಾಝ್ ಅಂದ್ರೆ ಏನು? ಸಾಲ್ಸಾ ಡಾನ್ಸ್ ಮ್ಯೂಸಿಕ್ಕೇ ಅಲ್ವಾ?

ಹತ್ತಿರದ ನೆಂಟರು, ಆದರೆ ಒಂದೇ ಅಲ್ಲ. ಸಾಲ್ಸಾ ಇರುವುದು ಕುಣಿಯೋಕೆ, ಅಲ್ಲಿ ಹಾಡುವವರೇ ಮುಂದೆ. ಲ್ಯಾಟಿನ್ ಜಾಝ್‌ನಲ್ಲಿ ಕ್ಯೂಬಾ, ಬ್ರೆಜಿಲ್ ಕಡೆಯ ತಾಳದ ಮೇಲೆ ಜಾಝ್‌ನವರು ತಮ್ಮ ಮನೋಧರ್ಮ, ಅಂದರೆ ಆ ಕ್ಷಣಕ್ಕೆ ಹೊಳೆದದ್ದನ್ನು ನುಡಿಸುವ ಕಲೆ, ತೋರಿಸುತ್ತಾರೆ. ಕೆಳಗೆ ಕೊಂಗಾ, ಬೊಂಗೊ, ಟಿಂಬಾಲೆ ಎಂಬ ಚರ್ಮವಾದ್ಯಗಳು. ಮೇಲೆ ಟ್ರಂಪೆಟ್, ಸ್ಯಾಕ್ಸೊಫೋನ್, ಪಿಯಾನೊ.

ಇದು ನೆಲೆ ಕಂಡದ್ದು 1940ರ ದಶಕದ ನ್ಯೂಯಾರ್ಕ್‌ನಲ್ಲಿ. ಕ್ಯೂಬಾದಿಂದ ಬಂದ ಮಾರಿಯೊ ಬೌಸಾ ಮತ್ತು ಮಚೀಟೊ ಒಂದು ಕಡೆ. ಇನ್ನೊಂದು ಕಡೆ ಟ್ರಂಪೆಟ್ ವಾದಕ ಡಿಜಿ ಗಿಲೆಸ್ಪಿ. 1947ರಲ್ಲಿ ಗಿಲೆಸ್ಪಿ ಕ್ಯೂಬಾದ ಕೊಂಗಾ ವಾದಕ ಚಾನೊ ಪೊಸೊ ಅವರನ್ನು ತಮ್ಮ ಬ್ಯಾಂಡಿಗೆ ಸೇರಿಸಿಕೊಂಡರು. ಇಬ್ಬರಿಗೂ ಒಬ್ಬರ ಭಾಷೆ ಇನ್ನೊಬ್ಬರಿಗೆ ಸರಿಯಾಗಿ ಬರುತ್ತಿರಲಿಲ್ಲ. ತಾಳದಲ್ಲೇ ಮಾತಾಡಿಕೊಂಡರು. ಮುಂದಿನ ವರ್ಷವೇ ಪೊಸೊ ನ್ಯೂಯಾರ್ಕ್‌ನಲ್ಲಿ ಗುಂಡೇಟಿಗೆ ಬಲಿಯಾದರು. ಆದರೆ ಗಿಲೆಸ್ಪಿ ಆ ದಾರಿ ಬಿಡಲಿಲ್ಲ. ಶಿಫ್ರಿನ್ ಮುಂದೆ ಸೇರಿಕೊಂಡದ್ದು ಇದೇ ಗಿಲೆಸ್ಪಿಯ ಬ್ಯಾಂಡನ್ನು.

ಅರ್ಜೆಂಟೀನಾದವರು ಅಂದ್ರೆ ಟ್ಯಾಂಗೊ ಕುಣಿತ. ಕ್ಯೂಬಾ ತಾಳ ಇವರಿಗೆ ಹೇಗೆ ಬಂತು?

ಒಳ್ಳೇ ಪ್ರಶ್ನೆ. ಬ್ಯೂನಸ್ ಐರಿಸ್‌ಗೂ ಕ್ಯೂಬಾದ ಹವಾನಾಕ್ಕೂ ಸಾವಿರಾರು ಮೈಲಿ ದೂರ. ಇವರು ಕೊಂಗಾ ಶಬ್ದ ಕೇಳುತ್ತಾ ಬೆಳೆದವರಲ್ಲ. ಅದನ್ನು ಕಲಿತದ್ದು ದೊಡ್ಡವರಾದ ಮೇಲೆ, ಬೇರೆ ಬೇರೆ ಬ್ಯಾಂಡ್‌ಗಳಿಗೆ ಬರೆಯುತ್ತಾ. ನ್ಯೂಯಾರ್ಕ್‌ಗೆ ಬಂದ ಹೊಸದರಲ್ಲಿ ಹೊಟ್ಟೆಪಾಡಿಗೆ ಹಾವಿಯೆರ್ ಕುಗಾಟ್ ಅವರ ಲ್ಯಾಟಿನ್ ಡಾನ್ಸ್ ಬ್ಯಾಂಡಿಗೆ ಅರೇಂಜ್‌ಮೆಂಟ್ ಬರೆದರು. ಯಾವ ವಾದ್ಯ ಯಾವಾಗ ಏನು ನುಡಿಸಬೇಕು ಅಂತ ಬರೆದಿಡುವ ಕೆಲಸ ಅದು. ಆದರೆ ಟ್ಯಾಂಗೊದ ಒಳಗಿರುವ ಒಂದು ಏಟು ಮತ್ತು ಕ್ಯೂಬಾದ ಒಂದು ಏಟು ಅಣ್ಣತಮ್ಮಂದಿರ ಹಾಗೆ. ಅದನ್ನು ಕೊನೆಯ ಭಾಗದಲ್ಲಿ ಬಿಡಿಸಿ ಹೇಳಿದ್ದೇನೆ, ಅಲ್ಲಿವರೆಗೆ ತಾಳ್ಮೆ ಇರಲಿ.

ನಾನು ಅವರದ್ದು ಬೇರೆ ಏನೂ ಕೇಳಿಲ್ಲ. ಎಲ್ಲಿಂದ ಶುರು ಮಾಡ್ಲಿ?

ನನ್ನನ್ನು ಕೇಳಿದರೆ, ಮೊದಲು ಗಿಲೆಸ್ಪಿಗಾಗಿ ಬರೆದ ಗಿಲೆಸ್ಪಿಯಾನಾ. ಆಮೇಲೆ 1964ರಲ್ಲಿ ಆರ್ಗನ್ ವಾದಕ ಜಿಮ್ಮಿ ಸ್ಮಿತ್‌ಗೆ ಮಾಡಿಕೊಟ್ಟ ದಿ ಕ್ಯಾಟ್. ಅದಕ್ಕೆ ಶಿಫ್ರಿನ್‌ಗೆ ಗ್ರ್ಯಾಮಿ ಬಂತು. ಮೂರನೆಯದಾಗಿ ಬುಲಿಟ್ ಸಿನಿಮಾದ ಸಂಗೀತ. ಮಿಷನ್ ಇಂಪಾಸಿಬಲ್ ಕೊನೆಗೆ ಇಟ್ಟುಕೊಳ್ಳಿ. ಈ ಮೂರನ್ನು ಕೇಳಿ ಬಂದ ಕಿವಿಗೆ ಅದು ಹೊಸದಾಗಿಯೇ ಕೇಳಿಸುತ್ತದೆ.

## ಹಾಲಿವುಡ್‌ಗೆ ಮುಂಚಿನ ದಾರಿ

ಅವರ ಮನೇಲಿ ಸಂಗೀತ ಇತ್ತಾ?

ಮನೆ ತುಂಬಾ ಇತ್ತು. ಅಪ್ಪ ಲೂಯಿಸ್ ಶಿಫ್ರಿನ್ ತೆಯಾತ್ರೊ ಕೊಲೊನ್‌ನ ಆರ್ಕೆಸ್ಟ್ರಾದಲ್ಲಿ ಎರಡನೇ ವಯಲಿನ್ ಸಾಲಿನ ಮುಖ್ಯಸ್ಥರು. ಕೊಲೊನ್ ಅಂದರೆ ಬ್ಯೂನಸ್ ಐರಿಸ್‌ನ ದೊಡ್ಡ ಒಪೆರಾ ಮಂದಿರ, ಲ್ಯಾಟಿನ್ ಅಮೆರಿಕದಲ್ಲೇ ಹೆಸರುವಾಸಿ. ಲಾಲೊಗೆ ಆರು ವರ್ಷವಾದಾಗ ಪಿಯಾನೊ ಪಾಠ ಶುರುವಾಯಿತು. ಗುರು ಎನ್ರಿಕೆ ಬಾರೆನ್‌ಬೊಯಿಮ್. ಇವತ್ತಿನ ಪ್ರಸಿದ್ಧ ಪಿಯಾನೊ ವಾದಕ, ಆರ್ಕೆಸ್ಟ್ರಾ ನಿರ್ದೇಶಕ ಡೇನಿಯಲ್ ಬಾರೆನ್‌ಬೊಯಿಮ್ ಅವರ ತಂದೆ. ಹದಿಹರೆಯದಲ್ಲಿ ಹುವಾನ್ ಕಾರ್ಲೊಸ್ ಪಾಸ್ ಎಂಬ ಹೊಸ ವಿಚಾರದ ಸಂಯೋಜಕರ ಹತ್ತಿರ ಹಾರ್ಮನಿ ಕಲಿತರು.

ಇಷ್ಟೆಲ್ಲ ಇದ್ದರೂ ಕಾಲೇಜಿನಲ್ಲಿ ಓದಿದ್ದು ಸಮಾಜಶಾಸ್ತ್ರ ಮತ್ತು ಕಾನೂನು! ನಮ್ಮ ಮನೆಗಳಲ್ಲಿ ನಡೆಯುವುದೂ ಹೀಗೇ, ಅಲ್ವಾ? ಸಂಗೀತ ಇರಲಿ, ಜೊತೆಗೆ ಒಂದು ಡಿಗ್ರಿ ಇರಲಿ.

ಪ್ಯಾರಿಸ್‌ಗೆ ಹೋಗಿ ಕಲಿತದ್ದು ಏನು? ಜಾಝ್ ಅಲ್ಲ ತಾನೆ?

ಹಗಲು ಕ್ಲಾಸಿಕಲ್, ರಾತ್ರಿ ಜಾಝ್. 20ರ ವಯಸ್ಸಿನಲ್ಲಿ ಸ್ಕಾಲರ್‌ಶಿಪ್ ಸಿಕ್ಕಿ ಪ್ಯಾರಿಸ್ ಕನ್ಸರ್ವೇಟರಿ ಎಂಬ ಸಂಗೀತ ಶಾಲೆಗೆ ಹೋದರು. ಅಲ್ಲಿ ಫ್ರೆಂಚ್ ಸಂಯೋಜಕ ಒಲಿವಿಯೆ ಮೆಸ್ಸಿಯಾನ್ ಅವರ ತರಗತಿಯಲ್ಲಿ ಕೂತರು. ಸಂಜೆಯಾದರೆ ಕ್ಲಬ್ಬುಗಳಲ್ಲಿ ಪಿಯಾನೊ.

ಇಲ್ಲಿ ನಮಗೆ ಸಂಬಂಧಿಸಿದ ಒಂದು ವಿಷಯ ಇದೆ. ಮೆಸ್ಸಿಯಾನ್‌ಗೆ ಭಾರತದ ತಾಳ ಅಂದರೆ ಪ್ರಾಣ. ಶಾರ್ಙ್ಗದೇವನ ಸಂಗೀತ ರತ್ನಾಕರದಲ್ಲಿ 120 ದೇಶೀ ತಾಳಗಳ ಪಟ್ಟಿ ಇದೆ. ಶಾರ್ಙ್ಗದೇವ 13ನೇ ಶತಮಾನದಲ್ಲಿ ದೇವಗಿರಿಯ ಸೇವುಣರ ಆಸ್ಥಾನದಲ್ಲಿದ್ದವನು. ಆ ಪಟ್ಟಿಯನ್ನು ಮೆಸ್ಸಿಯಾನ್ ವರ್ಷಗಟ್ಟಲೆ ಅಭ್ಯಾಸ ಮಾಡಿದರು, ಅಲ್ಲಿನ ತಾಳಗಳನ್ನು ತಮ್ಮ ಕೃತಿಗಳಲ್ಲಿ ಬಳಸಿದರು. ಬೀಟನ್ನು ಎರಡು, ಮೂರರ ತುಂಡುಗಳಾಗಿ ಕೂಡಿಸುವ ಆ ಯೋಚನೆ ಇದ್ದ ಗುರುವಿನ ಹತ್ತಿರ ಶಿಫ್ರಿನ್ ಕಲಿತರು ಅನ್ನುವುದು ನನಗೆ ಬಹಳ ಖುಷಿ ಕೊಡುವ ಸಂಗತಿ.

ಪ್ಯಾರಿಸ್‌ನಲ್ಲೇ ಆಸ್ಟರ್ ಪಿಯಾಜೊಲ್ಲಾ ಸಿಕ್ಕರು. ಟ್ಯಾಂಗೊವನ್ನು ಹೊಸದು ಮಾಡಿದವರು ಅವರು. 1955ರಲ್ಲಿ ಶಿಫ್ರಿನ್ ಅವರ ಜೊತೆ ನುಡಿಸಿದರು. ಅದೇ ವರ್ಷ ಪ್ಯಾರಿಸ್‌ನ ಜಾಝ್ ಉತ್ಸವದಲ್ಲಿ ಅರ್ಜೆಂಟೀನಾ ಪರವಾಗಿ ನುಡಿಸಿದರು.

ಗಿಲೆಸ್ಪಿಯಂಥ ದೊಡ್ಡ ಮನುಷ್ಯರ ಕಣ್ಣಿಗೆ ಇವರು ಹೇಗೆ ಬಿದ್ರು?

ಊರಿಗೆ ವಾಪಸ್ ಬಂದು ಶಿಫ್ರಿನ್ 16 ಜನರ ಜಾಝ್ ಬ್ಯಾಂಡ್ ಕಟ್ಟಿದ್ದರು. 1956ರಲ್ಲಿ ಅಮೆರಿಕ ಸರ್ಕಾರದ ಪರವಾಗಿ ಗಿಲೆಸ್ಪಿಯ ಬಿಗ್ ಬ್ಯಾಂಡ್ ದಕ್ಷಿಣ ಅಮೆರಿಕ ಸುತ್ತುತ್ತಾ ಬ್ಯೂನಸ್ ಐರಿಸ್‌ಗೆ ಬಂತು. ಆ ಬ್ಯಾಂಡಿನಲ್ಲಿ ಟ್ರಂಪೆಟ್ ಹಿಡಿದಿದ್ದ ಯುವಕ ಕ್ವಿನ್ಸಿ ಜೋನ್ಸ್. ಅವರೂ ಮುಂದೆ ಸಿನಿಮಾ ಸಂಗೀತದಲ್ಲಿ ದೊಡ್ಡ ಹೆಸರು ಮಾಡಿದರು. ಅತಿಥಿಗಳ ಮುಂದೆ ಶಿಫ್ರಿನ್ ಬ್ಯಾಂಡ್ ನುಡಿಸಿತು. ಮುಗಿದ ಮೇಲೆ ಗಿಲೆಸ್ಪಿ ಬಂದು, ಈ ಅರೇಂಜ್‌ಮೆಂಟ್ ಎಲ್ಲ ನೀವೇ ಬರೆದದ್ದಾ ಅಂತ ಕೇಳಿದರು. ಹೌದು ಅಂದಾಗ, ಅಮೆರಿಕಕ್ಕೆ ಬರುತ್ತೀರಾ ಅಂದರು.

ಮೊದಲು ತಮಾಷೆಗೆ ಕೇಳುತ್ತಿದ್ದಾರೆ ಅಂದುಕೊಂಡಿದ್ದೆ ಎಂದು ಶಿಫ್ರಿನ್ ಆಮೇಲೆ ನೆನಪಿಸಿಕೊಳ್ಳುತ್ತಿದ್ದರು. ನ್ಯೂಯಾರ್ಕ್ ತಲುಪುವ ಹೊತ್ತಿಗೆ 1958 ಆಗಿತ್ತು. ಗಿಲೆಸ್ಪಿಯ ಕ್ವಿಂಟೆಟ್‌ನಲ್ಲಿ, ಅಂದರೆ ಐದು ಜನರ ತಂಡದಲ್ಲಿ, ಪಿಯಾನೊ ಸೀಟು ಸಿಕ್ಕಿದ್ದು 1960ರಲ್ಲಿ.

ಇಲ್ಲಿ ಒಂದು ಮಾತು ಗಮನಿಸಿ. ಗಿಲೆಸ್ಪಿ ಮೊದಲು ಮೆಚ್ಚಿದ್ದು ಶಿಫ್ರಿನ್ ನುಡಿಸಿದ್ದನ್ನಲ್ಲ, ಬರೆದದ್ದನ್ನು.

ಗಿಲೆಸ್ಪಿಯಾನಾ ಗಿಲೆಸ್ಪಿಯಾನಾ ಅಂತೀರಲ್ಲ, ಅದರಲ್ಲಿ ಅಂಥದ್ದೇನಿದೆ?

ಇದು ಐದು ಭಾಗಗಳ ಕೃತಿ: ಪ್ರಿಲ್ಯೂಡ್, ಬ್ಲೂಸ್, ಪ್ಯಾನ್ಅಮೆರಿಕಾನಾ, ಆಫ್ರಿಕಾನಾ, ಟೊಕಾಟಾ. 1960ರ ನವೆಂಬರ್‌ನಲ್ಲಿ ವರ್ವ್ ಕಂಪನಿಗೆ ರೆಕಾರ್ಡ್ ಆಯಿತು. ಮುಂದಿನ ಮಾರ್ಚ್‌ನಲ್ಲಿ ನ್ಯೂಯಾರ್ಕ್‌ನ ಕಾರ್ನೆಗಿ ಹಾಲ್‌ನಲ್ಲಿ ನುಡಿಸಿದರು.

ಇದರ ಕಟ್ಟಡ ಹಳೇ ಯುರೋಪಿನದು. ಬಾಖ್, ಹ್ಯಾಂಡಲ್ ಕಾಲದಲ್ಲಿ ಕಾನ್ಸರ್ಟೊ ಗ್ರಾಸೊ ಅಂತ ಒಂದು ರೂಪ ಇತ್ತು. ಚಿಕ್ಕ ಗುಂಪು ಒಂದು ಕಡೆ, ದೊಡ್ಡ ಗುಂಪು ಇನ್ನೊಂದು ಕಡೆ, ಮಧ್ಯೆ ಮಾತುಕತೆ. ಶಿಫ್ರಿನ್ ಚಿಕ್ಕ ಗುಂಪಿನ ಜಾಗದಲ್ಲಿ ಗಿಲೆಸ್ಪಿಯ ಕ್ವಿಂಟೆಟ್ ಕೂರಿಸಿದರು. ದೊಡ್ಡ ಗುಂಪಿನಲ್ಲಿ ಬರೀ ಹಿತ್ತಾಳೆ ವಾದ್ಯಗಳು. ಬಿಗ್ ಬ್ಯಾಂಡಿನಲ್ಲಿ ಇರಲೇಬೇಕಾದ ಸ್ಯಾಕ್ಸೊಫೋನ್ ಸಾಲನ್ನು ಎತ್ತಿಬಿಟ್ಟು ಫ್ರೆಂಚ್ ಹಾರ್ನ್, ಟ್ಯೂಬಾ ತಂದರು. ಕೆಳಗೆ ಕ್ಯಾಂಡಿಡೊ ಅವರ ಕೊಂಗಾ.

ಆಫ್ರಿಕಾನಾ ಭಾಗವನ್ನು ರಾತ್ರಿ ಹೆಡ್‌ಫೋನ್ ಹಾಕಿಕೊಂಡು ಕೇಳಿ. ಹಾರ್ನ್‌ಗಳ ದಪ್ಪ ಸ್ವರದ ಕೆಳಗೆ ಚರ್ಮವಾದ್ಯ ನಡೆಯುವುದು ಎದೆಗೇ ತಾಗುತ್ತದೆ. ಮುಂದೆ ಅವರು ಮಾಡಿದ ಥ್ರಿಲ್ಲರ್ ಸಂಗೀತದ ಬಣ್ಣವೆಲ್ಲ ಇಲ್ಲಿ ಆಗಲೇ ಇದೆ. ಅಪ್ಪನ ಆರ್ಕೆಸ್ಟ್ರಾ, ಗಿಲೆಸ್ಪಿಯ ಬ್ಯಾಂಡ್ ಎರಡೂ ಒಂದೇ ಕೋಣೆಯಲ್ಲಿ ಕೂತ ಹಾಗೆ.

ಅಷ್ಟು ಚೆನ್ನಾಗಿ ಜಾಝ್ ನುಡಿಸ್ತಿದ್ದವರು ಸಿನಿಮಾಗೆ ಯಾಕೆ ಹೋದ್ರು? ದುಡ್ಡಿಗಾ?

ದುಡ್ಡೂ ಇರಬಹುದು, ತಪ್ಪೇನಿದೆ. ಆದರೆ ಸಿನಿಮಾ ಅವರಿಗೆ ಹೊಸದಲ್ಲ. ಅರ್ಜೆಂಟೀನಾದಲ್ಲಿ ಇದ್ದಾಗಲೇ ಎಲ್ ಹೆಫೆ ಎಂಬ ಚಿತ್ರಕ್ಕೆ ಸಂಗೀತ ಕೊಟ್ಟಿದ್ದರು. ಅದು 1958ರಲ್ಲಿ ತೆರೆಗೆ ಬಂತು.

ಹಾಲಿವುಡ್ ಬಾಗಿಲು ತೆರೆದದ್ದು ರೆಕಾರ್ಡ್ ಕಂಪನಿಯಿಂದ. ಶಿಫ್ರಿನ್ ಇದ್ದ ವರ್ವ್ ಕಂಪನಿಯನ್ನು ಎಂಜಿಎಂ ಕೊಂಡುಕೊಂಡಿತ್ತು. ಎಂಜಿಎಂ ಅಂದರೆ ಸಿನಿಮಾ ಸ್ಟುಡಿಯೊ. ತಮ್ಮ ಮನೆಯಲ್ಲೇ ಹೀಗೊಬ್ಬ ಬರಹಗಾರ ಇದ್ದಾರೆ ಅಂತ ಗೊತ್ತಾಗಿ ಅವರು ಕೆಲಸ ಕೊಟ್ಟರು. 1963ರಲ್ಲಿ ಶಿಫ್ರಿನ್ ಲಾಸ್ ಏಂಜಲೀಸ್‌ಗೆ ಮನೆ ಬದಲಿಸಿದರು. ಮೊದಲ ಹಾಲಿವುಡ್ ಚಿತ್ರ 1964ರ ರೈನೊ. ಮರುವರ್ಷ ದಿ ಸಿನ್ಸಿನಾಟಿ ಕಿಡ್. ಅದರ ಶೀರ್ಷಿಕೆ ಗೀತೆ ಹಾಡಿದ್ದು ರೇ ಚಾರ್ಲ್ಸ್.

ಗಿಲೆಸ್ಪಿಯ ಬ್ಯಾಂಡ್ ಬಿಟ್ಟದ್ದು ಜಾಝ್ ಬಿಟ್ಟ ಹಾಗಲ್ಲ. ಬೇರೆ ಬೇರೆ ವಾದ್ಯ, ಬೇರೆ ಬೇರೆ ಬಣ್ಣಗಳಿಗೆ ಬರೆಯುವ ಆಸೆ ಅವರಿಗೆ ಮೊದಲಿನಿಂದ ಇತ್ತು. ಅಷ್ಟು ದೊಡ್ಡ ಆರ್ಕೆಸ್ಟ್ರಾ ವಾರವಾರ ಸಿಗುವ ಜಾಗ ಆ ಕಾಲದಲ್ಲಿ ಹಾಲಿವುಡ್ ಒಂದೇ.

## ಸಿನಿಮಾ ಕೆಲಸ

ಮಿಷನ್ ಇಂಪಾಸಿಬಲ್ ಟ್ಯೂನು ಟಾಮ್ ಕ್ರೂಸ್ ಸಿನಿಮಾಗೆ ಮಾಡಿದ್ದಲ್ವಾ?

ಅಲ್ಲ. ಅದಕ್ಕೆ 30 ವರ್ಷ ಮೊದಲು ಮಾಡಿದ್ದು. 1966ರ ಸೆಪ್ಟೆಂಬರ್‌ನಲ್ಲಿ ಅಮೆರಿಕದ ಸಿಬಿಎಸ್ ಚಾನೆಲ್‌ನಲ್ಲಿ ಶುರುವಾದ ಟಿವಿ ಧಾರಾವಾಹಿ ಅದು. ನಿರ್ಮಾಪಕ ಬ್ರೂಸ್ ಗೆಲರ್. ಪರದೆ ಮೇಲೆ ಬತ್ತಿಗೆ ಬೆಂಕಿ ಹತ್ತಿಕೊಂಡು ಉರಿಯುತ್ತಾ ಹೋಗುತ್ತದೆ, ಅದಕ್ಕೆ ಸಂಗೀತ ಬೇಕು ಅಂದರು. ಟ್ಯೂನ್ ಬರೆಯಲು ಕೆಲವೇ ನಿಮಿಷ ಸಾಕಾಯಿತು ಎಂದು ಶಿಫ್ರಿನ್ ಹೇಳುತ್ತಿದ್ದರು. ಈ ಸಂಗೀತಕ್ಕೆ ಎರಡು ಗ್ರ್ಯಾಮಿ ಬಂದವು.

ಮರುವರ್ಷ ಅದೇ ಗೆಲರ್ ನಿರ್ಮಾಣದ ಮ್ಯಾನಿಕ್ಸ್‌ಗೆ ಮೂರರ ನಡೆಯಲ್ಲಿ ಟ್ಯೂನ್ ಕೊಟ್ಟರು. ಪತ್ತೇದಾರಿ ಕಥೆಗೆ ವಾಲ್ಟ್ಸ್ ಕುಣಿತದ ನಡೆ! ಅದನ್ನೂ ಒಮ್ಮೆ ಕೇಳಿ.

ಜಾಝ್ ಅಂದ್ರೆ ಮನೋಧರ್ಮ. ಸಿನಿಮಾದಲ್ಲಿ ಸೆಕೆಂಡ್ ಲೆಕ್ಕ. ಎರಡೂ ಹೇಗೆ ಸೇರುತ್ತೆ?

ಮೃದಂಗದ ಗೆಳೆಯರು ತಪ್ಪದೆ ಕೇಳುವ ಪ್ರಶ್ನೆ ಇದು. ಮೊದಲು ಲೆಕ್ಕ ನೋಡೋಣ. ಫಿಲ್ಮ್ ಸೆಕೆಂಡಿಗೆ 24 ಫ್ರೇಮ್ ಓಡುತ್ತದೆ. ಅಂದರೆ ನಿಮಿಷಕ್ಕೆ 1440. ಪ್ರತಿ 12 ಫ್ರೇಮ್‌ಗೆ ಒಂದು ಬೀಟ್ ಇಟ್ಟರೆ ನಿಮಿಷಕ್ಕೆ 120 ಬೀಟ್. 10 ಫ್ರೇಮ್‌ಗೆ ಒಂದು ಇಟ್ಟರೆ 144. ವಾದಕರ ಕಿವಿಗೆ ಹೆಡ್‌ಫೋನ್‌ನಲ್ಲಿ ಟಿಕ್ ಟಿಕ್ ಅಂತ ಇದು ಬರುತ್ತಿರುತ್ತದೆ. ಇದಕ್ಕೆ ಕ್ಲಿಕ್ ಟ್ರ್ಯಾಕ್ ಅನ್ನುತ್ತಾರೆ. ಬಾಗಿಲು ತೆರೆಯುವುದು 37ನೇ ಕ್ಲಿಕ್‌ಗೆ ಅಂದರೆ ಸಂಯೋಜಕರು ಅಲ್ಲೊಂದು ಗುರುತು ಹಾಕಿ, ಅಲ್ಲಿಗೆ ಏಟು ಬೀಳುವ ಹಾಗೆ ಬರೆಯಬೇಕು.

ಈಗ ಯೋಚಿಸಿ. ತನಿ ಆವರ್ತನದಲ್ಲಿ, ಅಂದರೆ ಕಛೇರಿಯಲ್ಲಿ ತಾಳವಾದ್ಯ ಮಾತ್ರ ನುಡಿಯುವ ಭಾಗದಲ್ಲಿ, ಮೃದಂಗದವರು ಎಲ್ಲೆಲ್ಲೋ ಹೋಗಿ ಬಂದು ಮುಕ್ತಾಯವನ್ನು ಸರಿಯಾಗಿ ಎಡುಪಿಗೆ, ಹಾಡು ಎತ್ತಿಕೊಳ್ಳುವ ಜಾಗಕ್ಕೆ, ತಂದು ಕೂರಿಸುತ್ತಾರೆ. ಸ್ವಾತಂತ್ರ್ಯವೂ ಇದೆ, ಲೆಕ್ಕವೂ ಇದೆ. ಲ್ಯಾಟಿನ್ ಜಾಝ್‌ನವರದ್ದೂ ಅದೇ ಬದುಕು. ಹಾಗಾಗಿ ಕ್ಲಿಕ್ ಟ್ರ್ಯಾಕ್ ಶಿಫ್ರಿನ್‌ಗೆ ಕಟ್ಟು ಅನ್ನಿಸಿರಲಾರದು. ಗಿಲೆಸ್ಪಿಯ ಹಿಂದೆ ಕೂತು ರಾತ್ರಿಯೆಲ್ಲ ತಾಳ ಬಿಡದೆ ನುಡಿಸಿದವರಿಗೆ 37ನೇ ಕ್ಲಿಕ್ ಮತ್ತೊಂದು ಎಡುಪು, ಅಷ್ಟೇ.

ಬುಲಿಟ್ ಕಾರ್ ಚೇಸ್‌ನಲ್ಲಿ ಮ್ಯೂಸಿಕ್ಕೇ ಇಲ್ಲ. ಅದಕ್ಕೆ ಇವರಿಗೆ ಯಾಕೆ ಹೊಗಳಿಕೆ?

ಇಲ್ಲ ಅನ್ನುವುದೇ ಅವರ ಕೆಲಸ. 1968ರ ಚಿತ್ರ, ನಿರ್ದೇಶಕ ಪೀಟರ್ ಯೇಟ್ಸ್. ಸ್ಯಾನ್ ಫ್ರಾನ್ಸಿಸ್ಕೊದ ಏರಿಳಿತದ ಬೀದಿಗಳಲ್ಲಿ ನಾಯಕ ಸ್ಟೀವ್ ಮೆಕ್ವೀನ್‌ನ ಹಸಿರು ಮಸ್ಟಾಂಗ್, ಎದುರಾಳಿಗಳ ಕಪ್ಪು ಡಾಡ್ಜ್ ಚಾರ್ಜರ್. ಸುಮಾರು ಹತ್ತು ನಿಮಿಷದ ಓಟ.

ಒಮ್ಮೆ ಆ ದೃಶ್ಯ ಹಾಕಿ, ಕಣ್ಣು ಮುಚ್ಚಿ ಕೇಳಿ. ಎರಡು ಕಾರುಗಳು ಇನ್ನೂ ನಿಧಾನಕ್ಕೆ ಒಂದರ ಬೆನ್ನಿಗೆ ಒಂದು ಹೋಗುತ್ತಿವೆ. ಬೇಸ್ ಒಂದೇ ಕಡೆ ಸುತ್ತುತ್ತದೆ. ಹಾರ್ನ್ ಒಂದೊಂದಾಗಿ ಮೇಲೆ ಕೂರುತ್ತವೆ. ಸಂಗೀತ ಬಿಗಿಯಾಗುತ್ತಾ ಹೋಗುತ್ತದೆ, ಬಿಗಿಯಾಗುತ್ತಾ ಹೋಗುತ್ತದೆ. ಚಾರ್ಜರ್ ಓಡಿಸುವವನು ಸೀಟ್ ಬೆಲ್ಟ್ ಹಾಕಿಕೊಳ್ಳುತ್ತಾನೆ. ಟೈರ್ ಕಿರುಚುತ್ತದೆ. ಅಲ್ಲಿಗೆ ಸಂಗೀತ ಪಟ್ ಅಂತ ನಿಂತುಬಿಡುತ್ತದೆ. ಅಲ್ಲಿಂದ ಕೊನೆಯವರೆಗೆ ಬರೀ ಎಂಜಿನ್, ಗೇರ್, ಟೈರ್.

ಚೇಸ್‌ಗೆ ಸಂಗೀತ ಬೇಡ ಅಂತ ನಿರ್ದೇಶಕರಿಗೆ ಹೇಳಿದ್ದು ಶಿಫ್ರಿನ್ ಅವರೇ. ಎಂಜಿನ್ ಸದ್ದೇ ಅಲ್ಲಿನ ಸಂಗೀತ ಅನ್ನುವುದು ಅವರ ವಾದ. ಗಾಯಕರು ರಾಗ ಹಿಡಿದಾಗ ಮೃದಂಗದವರು ಕೈ ಕಟ್ಟಿ ಕೂರುತ್ತಾರೆ. ಜಾಝ್ ಪಿಯಾನೊದವರೂ ಅಷ್ಟೇ. ಟ್ರಂಪೆಟ್ ಮಾತಾಡುವಾಗ ಎಲ್ಲಿ ಕೈ ತೆಗೆಯಬೇಕು ಅನ್ನುವುದನ್ನು ಅವರು ದಿನಾ ಕಲಿಯುತ್ತಾರೆ. ನನ್ನ ಮಟ್ಟಿಗೆ ಇದು ಅವರ ಸಿನಿಮಾ ಕೆಲಸದಲ್ಲೇ ಅತಿ ದೊಡ್ಡ ನಿರ್ಧಾರ.

ಎಂಟರ್ ದಿ ಡ್ರ್ಯಾಗನ್ ಕೂಡ ಇವರದ್ದೇನಾ?

ಹೌದು, 1973. ಬ್ರೂಸ್ ಲೀ ಮಿಷನ್ ಇಂಪಾಸಿಬಲ್ ಟ್ಯೂನ್ ಹಾಕಿಕೊಂಡು ಕಸರತ್ತು ಮಾಡುತ್ತಿದ್ದರು ಎಂದು ಶಿಫ್ರಿನ್ ಹೇಳಿದ್ದಾರೆ. ಡರ್ಟಿ ಹ್ಯಾರಿ ಸರಣಿಯ ಐದರಲ್ಲಿ ನಾಲ್ಕು ಚಿತ್ರಗಳೂ ಇವರವೇ. ಸ್ಟಾರ್ ವಾರ್ಸ್ ಮಾಡಿದ ಜಾರ್ಜ್ ಲ್ಯೂಕಾಸ್ ಅವರ ಮೊದಲ ಚಿತ್ರದ ಸಂಗೀತವೂ ಇವರದ್ದು.

ಕೂಲ್ ಹ್ಯಾಂಡ್ ಲ್ಯೂಕ್ ಸಂಗೀತ ಟಿವಿ ನ್ಯೂಸ್‌ಗೆ ಹೋಯ್ತಂತೆ, ನಿಜಾನಾ?

ನಿಜ. 1967ರ ಆ ಚಿತ್ರದಲ್ಲಿ ಕೈದಿಗಳು ಬಿಸಿಲಲ್ಲಿ ರಸ್ತೆಗೆ ಟಾರ್ ಹಾಕುವ ದೃಶ್ಯ ಇದೆ. ಪಂಥ ಕಟ್ಟಿದ ಹಾಗೆ ಅವರು ವೇಗ ಹೆಚ್ಚಿಸುತ್ತಾ ಹೋಗುತ್ತಾರೆ, ಸಂಗೀತವೂ ಒಂದೇ ಸ್ವರವನ್ನು ಟೆಲಿಗ್ರಾಫ್ ಯಂತ್ರದ ಹಾಗೆ ಬಡಿಯುತ್ತಾ ಓಡುತ್ತದೆ. ನ್ಯೂಯಾರ್ಕ್‌ನ ಒಂದು ಟಿವಿ ಕೇಂದ್ರದವರು ಆ ತುಣುಕನ್ನು ಸುದ್ದಿಯ ಶೀರ್ಷಿಕೆ ಸಂಗೀತ ಮಾಡಿಕೊಂಡರು. ಬೇರೆ ಊರಿನ ಕೇಂದ್ರಗಳೂ ಹಿಡಿದುಕೊಂಡವು. ಸಿನಿಮಾ ನೋಡದ ಲಕ್ಷಾಂತರ ಜನಕ್ಕೆ ಅದು 'ಸುದ್ದಿ ಹೊತ್ತಾಯಿತು' ಅನ್ನುವ ಸದ್ದು.

ಎಕ್ಸಾರ್ಸಿಸ್ಟ್ ಅನ್ನೋ ದೆವ್ವದ ಸಿನಿಮಾಗೆ ಸಂಗೀತ ಇವರು ಮಾಡಿ, ಆಮೇಲೆ ಬೇಡ ಅಂದ್ರಂತಲ್ಲ?

ಹೌದು. ಶಿಫ್ರಿನ್ ಹೇಳಿರುವ ಪ್ರಕಾರ, ಮೊದಲು ಟ್ರೈಲರ್‌ಗೆ ಅವರು ಕೊಟ್ಟ ಸಂಗೀತ ಜನಕ್ಕೆ ತಡೆಯಲಾರದಷ್ಟು ಭಯ ಹುಟ್ಟಿಸಿತು. ಸ್ಟುಡಿಯೊದವರು ಸ್ವಲ್ಪ ಮೆತ್ತಗೆ ಮಾಡಿಸಿ ಅಂದರು. ಆ ಮಾತು ತಮ್ಮವರೆಗೆ ಬರಲೇ ಇಲ್ಲ ಅನ್ನುವುದು ಅವರ ಅಳಲು. ನಿರ್ದೇಶಕ ವಿಲಿಯಂ ಫ್ರೀಡ್ಕಿನ್ ಒಪ್ಪಲಿಲ್ಲ, ಸಂಗೀತ ತೆಗೆದುಹಾಕಿದರು. 1973ರಲ್ಲಿ ಚಿತ್ರ ಬಂದಾಗ ಅದರಲ್ಲಿ ಇದ್ದದ್ದು ಪೆಂಡೆರೆಟ್ಸ್ಕಿ, ಮೈಕ್ ಓಲ್ಡ್‌ಫೀಲ್ಡ್ ಮುಂತಾದವರ ಮೊದಲೇ ಇದ್ದ ಸಂಗೀತ.

ಸಿನಿಮಾ ಸಂಗೀತ ಕಲಿಯುವ ಮಕ್ಕಳಿಗೆ ಈ ಕಥೆ ಹೇಳಲೇಬೇಕು. ಎಷ್ಟು ದೊಡ್ಡವರಾದರೂ ಕೊನೆಯ ಮಾತು ನಿರ್ದೇಶಕರದ್ದು.

ಆಸ್ಕರ್ ಬಂತಾ?

ಆರು ಸಲ ನಾಮನಿರ್ದೇಶನ ಆಯಿತು, ಒಮ್ಮೆಯೂ ಗೆಲ್ಲಲಿಲ್ಲ. 2018ರಲ್ಲಿ ಗೌರವ ಆಸ್ಕರ್ ಕೊಟ್ಟರು. ಕೈಗೆ ಕೊಟ್ಟದ್ದು ಡರ್ಟಿ ಹ್ಯಾರಿಯ ನಾಯಕ ಕ್ಲಿಂಟ್ ಈಸ್ಟ್‌ವುಡ್. ಆಗ ಶಿಫ್ರಿನ್‌ಗೆ 86. ಆರರಲ್ಲಿ ಒಂದಾದರೂ ಬರಬೇಕಿತ್ತು ಅನ್ನಿಸುತ್ತದೆ. ಕೂಲ್ ಹ್ಯಾಂಡ್ ಲ್ಯೂಕ್‌ಗೆ ಬಂದಿದ್ದರೆ ಚೆನ್ನಾಗಿರುತ್ತಿತ್ತು.

ಒಂದು ಟ್ಯೂನ್ ಹಿಟ್ ಆದ್ರೆ ಜೀವನಪೂರ್ತಿ ದುಡ್ಡು ಬರುತ್ತಾ?

ಮಕ್ಕಳ ಅಪ್ಪಂದಿರು ಕೇಳುವ ಪ್ರಶ್ನೆ. ಅಮೆರಿಕದಲ್ಲಿ ಟಿವಿಯಲ್ಲಿ ಟ್ಯೂನ್ ಪ್ರಸಾರವಾದಾಗಲೆಲ್ಲ ಚಾನೆಲ್‌ನವರು ಕಟ್ಟುವ ಹಣದಲ್ಲಿ ಬರೆದವರಿಗೆ ಒಂದು ಪಾಲು ಇರುತ್ತದೆ. ಅದನ್ನು ವಸೂಲಿ ಮಾಡಿಕೊಡಲು ಸಂಘಗಳಿವೆ. ಸ್ಟುಡಿಯೊ ಹಕ್ಕು ಇಟ್ಟುಕೊಂಡರೂ ಬರೆದವರ ಪಾಲು ಬರೆದವರಿಗೇ. ಧಾರಾವಾಹಿ ಮರುಪ್ರಸಾರವಾದಷ್ಟೂ ಬರುತ್ತಾ ಇರುತ್ತದೆ. ನಮ್ಮಲ್ಲಿ ಬಹಳ ಕಾಲ ಸಂಗೀತ ನಿರ್ದೇಶಕರು, ಸಾಹಿತಿಗಳು ಒಂದೇ ಸಲ ದುಡ್ಡು ತಗೊಂಡು ಎಲ್ಲ ಬರೆದುಕೊಟ್ಟುಬಿಡುತ್ತಿದ್ದರು. 2012ರ ಕಾಪಿರೈಟ್ ತಿದ್ದುಪಡಿ ಬಂದ ಮೇಲೆ, ಥಿಯೇಟರ್ ಹೊರಗಿನ ಬಳಕೆಗೆ ಅವರ ರಾಯಲ್ಟಿ ಪಾಲನ್ನು ಹಾಗೆ ಬರೆಸಿಕೊಳ್ಳುವಂತಿಲ್ಲ. ಮಗ ಮಗಳು ಈ ದಾರಿ ಹಿಡಿದರೆ ಸಹಿ ಹಾಕುವ ಮುಂಚೆ ಇದನ್ನು ತಿಳಿದುಕೊಳ್ಳಲಿ.

ವಯಸ್ಸಾದ ಮೇಲೆ ಜಾಝ್ ಕಡೆ ವಾಪಸ್ ಬಂದ್ರಾ?

ಬಿಟ್ಟಿದ್ದರೆ ತಾನೆ ವಾಪಸ್ ಬರುವುದು! 1990ರ ದಶಕದಲ್ಲಿ 'ಜಾಝ್ ಮೀಟ್ಸ್ ದಿ ಸಿಂಫೊನಿ' ಅಂತ ಸರಣಿ ಮಾಡಿದರು. ಲಂಡನ್ ಫಿಲ್‌ಹಾರ್ಮೊನಿಕ್ ಆರ್ಕೆಸ್ಟ್ರಾ, ಅದರ ಜೊತೆ ರೇ ಬ್ರೌನ್ ಅಂಥ ಜಾಝ್ ವಾದಕರು. 1999ರಲ್ಲಿ ಲ್ಯಾಟಿನ್ ಜಾಝ್ ಸೂಟ್. ಅದರ ಒಂದು ಭಾಗದ ಹೆಸರು ಪಂಪಾಸ್, ಅವರ ನಾಡಿನ ಹುಲ್ಲುಬಯಲು. 1998ರಲ್ಲಿ ಕಾರ್ಲೊಸ್ ಸೌರಾ ಅವರ ಟ್ಯಾಂಗೊ ಚಿತ್ರಕ್ಕೆ ಸಂಗೀತ ಕೊಟ್ಟು ಊರಿನ ಕುಣಿತಕ್ಕೂ ಸಲ್ಲಿಸಬೇಕಾದ್ದು ಸಲ್ಲಿಸಿದರು.

2025ರ ಏಪ್ರಿಲ್‌ನಲ್ಲಿ ರಾಡ್ ಶೆಟ್‌ಮನ್ ಜೊತೆ ಸೇರಿ ಬರೆದ ಸಿಂಫೊನಿ ಮೊದಲ ಸಲ ನುಡಿಸಲಾಯಿತು. ಎಲ್ಲಿ ಗೊತ್ತಾ? ತೆಯಾತ್ರೊ ಕೊಲೊನ್‌ನಲ್ಲಿ. ಅಪ್ಪ ವಯಲಿನ್ ಹಿಡಿದು ಕೂರುತ್ತಿದ್ದ ಅದೇ ಜಾಗ.

## ತಾಳದ ಲೆಕ್ಕ

ಕ್ಲಾವೆ ಅಂದ್ರೇನು? ನಮ್ಮ ಭಾಷೇಲಿ ಹೇಳಿ.

ಎರಡು ಗಟ್ಟಿ ಕಡ್ಡಿ ಬಡಿದು ಹಿಡಿಯುವ ತಾಳ. ಕ್ಯೂಬಾ ಸಂಗೀತಕ್ಕೆ ಬೆನ್ನೆಲುಬು. ನಮ್ಮ ಸೊಲ್ಲುಕಟ್ಟಿನಲ್ಲಿ, ಅಂದರೆ ಬಾಯಲ್ಲಿ ಹೇಳುವ ತಾಳದ ಅಕ್ಷರಗಳಲ್ಲಿ, ಹೇಳಿದರೆ ಒಂದು ನಿಮಿಷದ ಕೆಲಸ:

ತಕಿಟ ತಕಿಟ ತಕದಿಮಿ ತಕ ತಕದಿಮಿ

3+3+4+2+4, ಒಟ್ಟು 16. ಪ್ರತಿ ಗುಂಪಿನ ಮೊದಲ ಅಕ್ಷರಕ್ಕೆ ಮಾತ್ರ ಚಪ್ಪಾಳೆ ಹಾಕಿ. ಐದು ಚಪ್ಪಾಳೆ ಬರುತ್ತವೆ. ಅದೇ 3-2 ಸೊನ್ ಕ್ಲಾವೆ. ಸೊನ್ ಅಂದರೆ ಕ್ಯೂಬಾದ ಒಂದು ಸಂಗೀತ ಶೈಲಿ. ಮೊದಲರ್ಧದಲ್ಲಿ ಮೂರು ಏಟು, ಎರಡನೇ ಅರ್ಧದಲ್ಲಿ ಎರಡು. ತಾಳವನ್ನು ಹೀಗೆ ಬಾಯಲ್ಲಿ ಹೇಳುವ ಕೊನ್ನಕೋಲ್ ಬಲ್ಲವರಿಗೆ ಇದು ತಕ್ಷಣ ಕೂರುತ್ತದೆ. ಪಾಶ್ಚಾತ್ಯ ನೊಟೇಶನ್ ನೋಡಿ ಕಲಿಯುವ ಮಕ್ಕಳು ಇದಕ್ಕೇ ಎರಡು ವಾರ ಒದ್ದಾಡುವುದನ್ನು ನೋಡಿದ್ದೇನೆ.

ಮಿಷನ್ ಇಂಪಾಸಿಬಲ್ ಐದರ ತಾಳ ಅಂತೀರಿ. ಅಂದ್ರೆ ಖಂಡ ಚಾಪು ಅಲ್ವಾ?

ಲೆಕ್ಕ ಹತ್ತಿರ, ನಡೆ ಬೇರೆ. ಖಂಡ ಚಾಪು ತಕ ತಕಿಟ, 2+3. ಎರಡು ಸಲ ಹೇಳಿದರೆ 2+3+2+3, ಹತ್ತು. ಶಿಫ್ರಿನ್ ಟ್ಯೂನೂ ಹತ್ತೇ. ಆದರೆ ಅದು ತಕಿಟ ತಕಿಟ ತಕ ತಕ, 3+3+2+2. ಒಬ್ಬರು ಖಂಡ ಚಾಪು ಹಾಕಲಿ, ಇನ್ನೊಬ್ಬರು ಇದನ್ನು ಹೇಳಲಿ. ಸಮ, ಅಂದರೆ ಮೊದಲ ಏಟು, ಬಿಟ್ಟರೆ ಇನ್ನೆಲ್ಲೂ ಏಟು ಸೇರುವುದಿಲ್ಲ.

ಈಗ ಮೊದಲು ಹೇಳಿದ ಅಣ್ಣತಮ್ಮಂದಿರ ಮಾತಿಗೆ ಬರೋಣ. ಕ್ಲಾವೆಯ ಮೊದಲರ್ಧದ ಮೂರು ಏಟು 3+3+2. ಪಿಯಾಜೊಲ್ಲಾ ಟ್ಯಾಂಗೊದ ಗುರುತೂ 3+3+2. ತಕಿಟ ತಕಿಟ ತಕ. ಕ್ಯೂಬಾ, ಬ್ಯೂನಸ್ ಐರಿಸ್ ಎರಡರ ಒಳಗೂ ಇದೇ ಎಂಟು. ಶಿಫ್ರಿನ್ ಅದಕ್ಕೆ ಇನ್ನೊಂದು ತಕ ಸೇರಿಸಿದರು, ಅಷ್ಟೇ. ಎಂಟು ಹತ್ತಾಯಿತು. ಕಿವಿ ತಿರುಗಿ ಮೊದಲಿಗೆ ಹೋಗಲು ಕಾಯುತ್ತಿರುವಾಗ ಆ ಹೆಚ್ಚಿನ ತಕ ಅಡ್ಡ ಬರುತ್ತದೆ. ಆ ಟ್ಯೂನ್‌ನ ಚಡಪಡಿಕೆ ಇರುವುದೇ ಅಲ್ಲಿ. ನನಗೆ ಅದು ಕೊನೆಯಲ್ಲಿ ಎಡವುವ ಟ್ಯಾಂಗೊ ಹಾಗೆ ಕೇಳಿಸುತ್ತದೆ.

ಐದರ ತಾಳ ಯಾಕೆ ಅಂತ ಕೇಳಿದವರಿಗೆ ಶಿಫ್ರಿನ್ ತಮಾಷೆಯ ಉತ್ತರ ಕೊಡುತ್ತಿದ್ದರು: ಬೇರೆ ಗ್ರಹದಲ್ಲಿ ಐದು ಕಾಲಿನವರಿದ್ದಾರೆ, ಅವರಿಗೂ ಕುಣಿಯಲು ಏನಾದರೂ ಬೇಡವೇ ಅಂತ.

ಅದು ಟೆಲಿಗ್ರಾಫ್‌ನ ಮೋರ್ಸ್ ಕೋಡ್‌ನಲ್ಲಿ ಎಂ, ಐ ಅಂತೆ. ಹೌದಾ?

ಮೋರ್ಸ್‌ನಲ್ಲಿ ಎಂ ಅಂದರೆ ಎರಡು ಉದ್ದ, ಐ ಅಂದರೆ ಎರಡು ಗಿಡ್ಡ. ಉದ್ದ ಉದ್ದ ಗಿಡ್ಡ ಗಿಡ್ಡ, ಟ್ಯೂನಿಗೆ ಹೊಂದುತ್ತದೆ. ಆದರೆ ಮೋರ್ಸ್‌ನಲ್ಲಿ ಉದ್ದ ಗಿಡ್ಡದ ಮೂರು ಪಟ್ಟು. ಇಲ್ಲಿ ಮೂರಕ್ಕೆ ಎರಡು. ನೆನಪಿಟ್ಟುಕೊಳ್ಳಲು ಒಳ್ಳೇ ದಾರಿ, ಮಕ್ಕಳಿಗೆ ನಾನೂ ಹೇಳಿಕೊಡುತ್ತೇನೆ.

1996ರ ಸಿನಿಮಾದ ಹಾಡು ಕೇಳಿದ್ರೆ ಸುಲಭವಾಗಿ ಕುಣಿಯೋಕೆ ಆಗುತ್ತೆ. ಹೇಗೆ?

ಅದು ಯೂ2 ಬ್ಯಾಂಡಿನ ಆಡಮ್ ಕ್ಲೇಟನ್, ಲ್ಯಾರಿ ಮಲನ್ ಮಾಡಿದ ಆವೃತ್ತಿ. ಡಾನ್ಸ್ ಫ್ಲೋರ್‌ಗೆ ಬೇಕು ಅಂತ ಹೆಚ್ಚಿನ ಭಾಗವನ್ನು ನಾಲ್ಕರ ನಡೆಗೆ ತಂದರು. ಅಂದರೆ ಹತ್ತನ್ನು ಎಂಟಕ್ಕೆ ಇಳಿಸಿದರು. ಕುಣಿಯಲು ಚೆನ್ನಾಗಿದೆ. ನನಗೆ ಮಾತ್ರ ಎಡವುವ ಟ್ಯೂನೇ ಬೇಕು.

ಮೇಡಂ, ಅದನ್ನ ಕೀಬೋರ್ಡಿನಲ್ಲಿ ನುಡಿಸೋದು ಹೇಗೆ?

ಷಡ್ಜವನ್ನು ಜಿ ಮನೆಯಲ್ಲಿ ಇಟ್ಟುಕೊಳ್ಳಿ. ಎಡಗೈಗೆ ಎರಡು ಆವರ್ತ ಸಾಕು. ಮೊದಲನೆಯದು ಸ, ಸ, ಗ, ಮ. ಗಾಂಧಾರ ಸಾಧಾರಣ, ಮಧ್ಯಮ ಶುದ್ಧ. ಎರಡನೆಯದು ಸ, ಸ, ನಿ, ನಿ. ಕೆಳಗಿನ ಕೈಶಿಕಿ ನಿಷಾದ, ಅದರ ಪಕ್ಕದಲ್ಲೇ ಕಾಕಲಿ ನಿಷಾದ, ಅಲ್ಲಿಂದ ಮತ್ತೆ ಸ. ಪ್ರತಿ ಆವರ್ತವೂ ತಕಿಟ ತಕಿಟ ತಕ ತಕ.

ಬಲಗೈಯಲ್ಲಿ ಗ, ಸ ಬೇಗ ಮುಟ್ಟಿ ಮಂದ್ರದ ಪಂಚಮದ ಮೇಲೆ ನಿಲ್ಲಿ. ಮತ್ತೆ ಗ, ಸ ಮುಟ್ಟಿ ಪ್ರತಿ ಮಧ್ಯಮ. ಮತ್ತೆ ಗ, ಸ ಮುಟ್ಟಿ ಶುದ್ಧ ಮಧ್ಯಮ. ನಿಲ್ಲುವ ಸ್ವರ ಒಂದೊಂದೇ ಮೆಟ್ಟಿಲು ಕೆಳಗೆ ಜಾರುತ್ತದೆ.

ಎರಡು ಕೈ ಸೇರಿಸುವ ಮುಂಚೆ ಬಾಯಲ್ಲಿ ಹೇಳಿಕೊಳ್ಳಿ. ಹೋದ ತಿಂಗಳು ಒಂಬತ್ತು ವರ್ಷದ ಹುಡುಗಿಯೊಬ್ಬಳು ಮೂರು ವಾರ ಕೈಯಲ್ಲಿ ಬಾರದ್ದನ್ನು ಎದ್ದು ನಿಂತು ಹೆಜ್ಜೆ ಹಾಕುತ್ತಾ ಹೇಳಿದಳು. ತಕಿಟಕ್ಕೆ ಉದ್ದ ಹೆಜ್ಜೆ, ತಕಕ್ಕೆ ಗಿಡ್ಡ ಹೆಜ್ಜೆ. ಕೋಣೆ ಎರಡು ಸುತ್ತು ಹಾಕಿ ಕೂತು ನುಡಿಸಿದಳು, ಬಂತು. ನೀವೂ ಮೊದಲು ನಡೆದು ನೋಡಿ. ಆಮೇಲೆ ನಿಧಾನಕ್ಕೆ, ಎಡಗೈ ಒಂದರಲ್ಲೇ ಶುರು ಮಾಡಿ.